ಚೂಲಿಕೆ: ಕ್ಷೇತ್ರಗಣಿತದ ಒಂದು ಅಪರಿಚಿತ ಪದದ ಅರ್ಥ ಮತ್ತು ಪ್ರಯೋಗ

ಜೈನ ಪುರಾಣಗಳನ್ನೂ ಚಂಪೂಕಾವ್ಯಗಳನ್ನೂ ಓದತೊಡಗಿದ ವಿದ್ಯಾರ್ಥಿಗೆ ಆರಂಭದಲ್ಲಿಯೇ ಎದುರಾಗುವುದು ಜಂಬೂದ್ವೀಪದ ವರ್ಣನೆ. ನಡುವೆ ಮೇರು, ಅದರ ತೆಂಕಣಕ್ಕೆ ಭರತಕ್ಷೇತ್ರ, ಭರತಕ್ಷೇತ್ರವನ್ನು ಇಬ್ಭಾಗಿಸುವ ವಿಜಯಾರ್ಧ ಪರ್ವತ. ಇವುಗಳ ಬಳಿಕವೇ ಕಥೆಯ ನಾಡು, ಊರು, ಅರಸು. ಈ ಭಾಗವನ್ನು ನಮ್ಮ ವಿದ್ಯಾರ್ಥಿಗಳು ಸಾಮಾನ್ಯವಾಗಿ ಹಾರಿಸಿ ಓದುತ್ತಾರೆ. ಯೋಜನಗಳ ಲೆಕ್ಕ ಕವಿಸಮಯದ ಅತಿಶಯೋಕ್ತಿಯೆಂದು ತಿಳಿದು ಮುಂದೆ ಸಾಗುವುದೇ ರೂಢಿಯಾಗಿದೆ. ಹೀಗೆ ಹಾರಿಸಿ ಓದುವುದರಿಂದ ಏನನ್ನು ಕಳೆದುಕೊಳ್ಳುತ್ತೇವೆಂಬುದನ್ನು ಒಂದೇ ಒಂದು ಪದದ ಮೂಲಕ ತೋರಿಸುವುದು ಈ ಲೇಖನದ ಉದ್ದೇಶ. ಆ ಪದ ‘ಚೂಲಿಕೆ’.

ಲೋಕವರ್ಣನೆಯ ಪ್ರಾಕೃತ ಮತ್ತು ಸಂಸ್ಕೃತ ಗ್ರಂಥಗಳ ಪರಂಪರೆಯಲ್ಲಿ ವಿಜಯಾರ್ಧ ಪರ್ವತಕ್ಕೆ ಹೇಳಿರುವ ಅಳತೆಗಳು ಹೀಗಿವೆ: ಅಗಲ 50 ಯೋಜನ, ಎತ್ತರ 25 ಯೋಜನ, ಚೂಲಿಕೆ 485 37/38 ಯೋಜನ. ನಿಘಂಟನ್ನು ತೆರೆದು ‘ಚೂಲಿಕೆ’ ಎಂಬಲ್ಲಿ ನೋಡಿದರೆ ಜುಟ್ಟು, ಶಿಖೆ, ತುದಿ, ಶಿಖರ ಎಂಬ ಅರ್ಥಗಳು ದೊರೆಯುತ್ತವೆ. ಮೇರುವಿನ ಚೂಲಿಕೆಯೆಂದರೆ ಮೇರುವಿನ ತುದಿಯ ಶಿಖರ ಎಂಬುದು ಸರ್ವಪರಿಚಿತ. ಆದುದರಿಂದ ವಿಜಯಾರ್ಧದ ಚೂಲಿಕೆಯನ್ನೂ ಅದರ ಶಿಖರವೆಂದೇ ಗ್ರಹಿಸಲು ಮನಸ್ಸು ಹವಣಿಸುತ್ತದೆ. ಆದರೆ 25 ಯೋಜನ ಎತ್ತರದ ಬೆಟ್ಟಕ್ಕೆ 485 ಯೋಜನಕ್ಕೂ ಮಿಗಿಲಾದ ಶಿಖರ ಹೇಗೆ ಸಾಧ್ಯ? ಹಿಮವಂತ ಪರ್ವತದ ವಿಷಯದಲ್ಲಿ ಈ ತೊಡಕು ಇನ್ನೂ ಹೆಚ್ಚು. ಅದರ ಎತ್ತರ 100 ಯೋಜನ. ಚೂಲಿಕೆ 5230 ಯೋಜನಕ್ಕೂ ಮಿಕ್ಕಿದ್ದು. ಇಲ್ಲಿ ಓದುಗನ ಮುಂದೆ ಎರಡೇ ದಾರಿಗಳಿವೆ. ಗ್ರಂಥಕಾರನು ಎಚ್ಚರವಿಲ್ಲದೆ ಬರೆದನೆನ್ನಬೇಕು. ಇಲ್ಲವೇ ನಮಗೆ ಪದದ ಅರ್ಥ ತಿಳಿದಿಲ್ಲವೆಂದು ಒಪ್ಪಬೇಕು. ಎರಡನೆಯದೇ ಸತ್ಯ. ಇಲ್ಲಿನ ಚೂಲಿಕೆ ಎತ್ತರದ ಅಳತೆಯಲ್ಲ; ಅದು ಕ್ಷೇತ್ರಗಣಿತದ ಒಂದು ಪಾರಿಭಾಷಿಕ ಪದ.

ನಾಲ್ಕು ಸೀಮೆಗಳ ಹಿನ್ನೆಲೆ

ಪದದ ಅರ್ಥಕ್ಕೆ ಹೋಗುವ ಮೊದಲು ಮೈಸೂರು ಜಿಲ್ಲೆಯ ಪಶ್ಚಿಮದ ನಾಲ್ಕು ಸೀಮೆಗಳನ್ನು ನೆನೆಯಬೇಕು: ಹೆಗ್ಗಡದೇವನಕೋಟೆ, ಕೃಷ್ಣರಾಜನಗರ, ಪಿರಿಯಾಪಟ್ಟಣ, ಹುಣಸೂರು. ಲೋಕವರ್ಣನೆಯ ಗ್ರಂಥಗಳನ್ನು ಬರೆದ, ಓದಿದ, ಓದಿಸಿದ ಪರಂಪರೆಗಳಿಗೆ ಈ ನೆಲದೊಡನೆ ಗಾಢವಾದ ಸಂಬಂಧವಿದೆ.

ಹೆಗ್ಗಡದೇವನಕೋಟೆಯ ಸೀಮೆ ಪ್ರಾಚೀನ ಪುನ್ನಾಟದ ಹೃದಯಭಾಗ. ಕಪಿನಿಯ ದಂಡೆಯ ಕಿತ್ತೂರೇ ಪುನ್ನಾಟದ ರಾಜಧಾನಿಯಾಗಿದ್ದ ಕೀರ್ತಿಪುರವೆಂದು ಇತಿಹಾಸಕಾರರು ಗುರುತಿಸಿದ್ದಾರೆ. ಗ್ರೀಕ್ ಭೂಗೋಳಜ್ಞ ಟಾಲೆಮಿ ವೈಡೂರ್ಯ ದೊರೆಯುವ ‘ಪೌನ್ನಾಟ’ವನ್ನು ಹೆಸರಿಸಿರುವುದು ಈ ನಾಡನ್ನು ಕುರಿತೇ ಎಂಬ ಅಭಿಪ್ರಾಯವೂ ಬಹುಮಾನ್ಯ. ಪುನ್ನಾಟದ ಅರಸ ಸ್ಕಂದವರ್ಮನ ಮಗಳು ಗಂಗದೊರೆ ಅವಿನೀತನ ರಾಣಿಯಾದಳು. ಆಕೆಯ ಮಗನೇ ದುರ್ವಿನೀತ. ಮುಂದೆ ಪುನ್ನಾಡು ಗಂಗರಾಜ್ಯದಲ್ಲಿ ಸೇರಿಹೋಯಿತು.

ಹರಿಷೇಣನು 931-32ರಲ್ಲಿ ರಚಿಸಿದ ‘ಬೃಹತ್ಕಥಾಕೋಶ’ದ ಭದ್ರಬಾಹುಕಥೆಯಲ್ಲಿ, ಕ್ಷಾಮಕಾಲದಲ್ಲಿ ಮುನಿಸಂಘವು ದಕ್ಷಿಣಾಪಥದ ಪುನ್ನಾಟ ವಿಷಯಕ್ಕೆ ಬಂದಿತೆಂದು ಹೇಳಿದೆ. ಆ ಹರಿಷೇಣನೂ, ಅವನಿಗಿಂತ ಒಂದೂವರೆ ಶತಮಾನ ಹಿಂದೆ, ಶಕ 705 ಅಂದರೆ ಕ್ರಿ.ಶ. 783ರಲ್ಲಿ ‘ಹರಿವಂಶಪುರಾಣ’ವನ್ನು ರಚಿಸಿದ ಜಿನಸೇನನೂ ಪುನ್ನಾಟ ಸಂಘಕ್ಕೆ ಸೇರಿದವರು. ಈ ಜಿನಸೇನನು ಆದಿಪುರಾಣಕಾರ ಜಿನಸೇನನಲ್ಲವೆಂಬುದನ್ನು ವಿದ್ಯಾರ್ಥಿಗಳು ಗಮನಿಸಬೇಕು. ಗ್ರಂಥ ರಚನೆಯಾದ ವರ್ಧಮಾನಪುರವನ್ನು ಕೆಲವರು ಸೌರಾಷ್ಟ್ರದ ವಢವಾಣವೆಂದೂ ಕೆಲವರು ಮಾಳವದ ಬದನಾವರವೆಂದೂ ಗುರುತಿಸುತ್ತಾರೆ. ಎಲ್ಲಿಯೇ ಆಗಲಿ, ಕಪಿನಿಯ ದಂಡೆಯ ಒಂದು ನಾಡಿನ ಹೆಸರನ್ನು ಹೊತ್ತ ಸಂಘ ನರ್ಮದೆಯನ್ನು ದಾಟಿ ಹೋಗಿ ನೆಲೆಸಿತ್ತು. ಹರಿವಂಶಪುರಾಣದ ಐದನೆಯ ಸರ್ಗ ಮಧ್ಯಲೋಕದ ವರ್ಣನೆಗೆ ಮೀಸಲು. ನಮ್ಮ ಪದವು ಸೇರಿರುವ ಪರಿಭಾಷೆಯ ಲೋಕ ಅದೇ.

ಕೃಷ್ಣರಾಜನಗರದ ಸೀಮೆಯಲ್ಲಿ, ಅಂದರೆ ಹಳೆಯ ಎಡತೊರೆಯ ತಾಲ್ಲೂಕಿನಲ್ಲಿ, ಚಿಕ್ಕಹನಸೋಗೆ ಇದೆ. ಶಾಸನಗಳ ಪನಸೋಗೆ ಇದೇ. ಮೂಲಸಂಘ, ದೇಸಿಗಗಣ, ಪುಸ್ತಕಗಚ್ಛದ ಒಂದು ಶಾಖೆ ಈ ಊರಿನ ಹೆಸರನ್ನೇ ತಳೆದು ‘ಪನಸೋಗೆ ಬಳಿ’ ಎನಿಸಿತು. 11ನೆಯ ಶತಮಾನದಲ್ಲಿ ರಾಜೇಂದ್ರಚೋಳ ನನ್ನಿ ಚಂಗಾಳ್ವನು ಇಲ್ಲಿನ ಬಸದಿಯನ್ನು ಕಟ್ಟಿಸಿದ ಸಂಗತಿಯನ್ನು ಶಾಸನಗಳು ತಿಳಿಸುತ್ತವೆ. ಈ ಶಾಖೆಯ ಹೆಸರು ಕರಾವಳಿಗೂ ಹೋಯಿತು. 1432ರಲ್ಲಿ ಕಾರ್ಕಳದ ಗೊಮ್ಮಟಮೂರ್ತಿ ಪ್ರತಿಷ್ಠೆಯಾದಾಗ ಗುರುಸ್ಥಾನದಲ್ಲಿದ್ದ ಲಲಿತಕೀರ್ತಿಗಳು ಪನಸೋಗೆಯ ಪರಂಪರೆಯವರು.

ಪಿರಿಯಾಪಟ್ಟಣ, ಹುಣಸೂರುಗಳ ಸೀಮೆ ಚಂಗನಾಡು. ಚಂಗಾಳ್ವರು ಮೊದಲು ಜೈನರಾಗಿದ್ದು ಬಳಿಕ ಶೈವರಾದರು. ಆದರೂ ಅವರ ಸಚಿವಕುಲದಲ್ಲಿ ಹುಟ್ಟಿ, ಹುಣಸೂರು ಸೀಮೆಯ ಕಲ್ಲಹಳ್ಳಿಯ ಪ್ರಭುವಾಗಿದ್ದ ಮೂರನೆಯ ಮಂಗರಸನು 16ನೆಯ ಶತಮಾನದ ಆರಂಭದಲ್ಲಿ ‘ನೇಮಿಜಿನೇಶ ಸಂಗತಿ’, ‘ಸಮ್ಯಕ್ತ್ವಕೌಮುದಿ’, ‘ಜಯನೃಪಕಾವ್ಯ’ ಮೊದಲಾದ ಜೈನಕೃತಿಗಳನ್ನು ಕನ್ನಡಕ್ಕೆ ಕೊಟ್ಟನು. ಪುನ್ನಾಟ ಸಂಘದ ಜಿನಸೇನನು ಸಂಸ್ಕೃತದಲ್ಲಿ ಹೇಳಿದ ನೇಮಿನಾಥನ ಕಥೆಯನ್ನೇ ಏಳು ಶತಮಾನಗಳ ಬಳಿಕ ನೆರೆಯ ಸೀಮೆಯ ಮಂಗರಸನು ಸಾಂಗತ್ಯದಲ್ಲಿ ಹೇಳಿದನೆಂಬುದು ಗಮನಾರ್ಹ.

ಇಷ್ಟನ್ನು ಹೇಳಿದುದು, ಚೂಲಿಕೆಯೆಂಬ ಗಣಿತಪದ ಈ ನಾಡಿನಲ್ಲಿ ಹುಟ್ಟಿತೆಂದು ಸಾಧಿಸಲಿಕ್ಕಲ್ಲ. ಅದು ಸಮಗ್ರ ಜೈನ ಲೋಕವರ್ಣನಾ ಸಾಹಿತ್ಯದ ಸೊತ್ತು. ಆದರೆ ಈ ಪದವನ್ನು ತಿಳಿದು ಬಳಸಬಲ್ಲವರ ಸಂಘಗಳಿಗೆ ಈ ಸೀಮೆಯ ಊರುಗಳ ಹೆಸರು ನಿಂತಿತು. ಇಂದು ಅದೇ ಸೀಮೆಯಲ್ಲಿ ಆ ಪದ ಯಾರ ಬಾಯಲ್ಲೂ ಇಲ್ಲ.

ಬಿಲ್ಲು, ಹೆದೆ, ಬಾಣ

ಜಂಬೂದ್ವೀಪವು ಒಂದು ಲಕ್ಷ ಯೋಜನ ವ್ಯಾಸದ ವೃತ್ತ. ಅದನ್ನು ಪೂರ್ವಪಶ್ಚಿಮವಾಗಿ ಹಬ್ಬಿದ ಆರು ಕುಲಪರ್ವತಗಳು ಏಳು ಕ್ಷೇತ್ರಗಳಾಗಿ ವಿಭಾಗಿಸಿವೆ. ದಕ್ಷಿಣದ ಭರತಕ್ಷೇತ್ರದ ಅಗಲವನ್ನು ಒಂದು ಪಾಲೆಂದು ಭಾವಿಸಿದರೆ, ಅದರ ಮುಂದಿನ ಹಿಮವಂತ ಎರಡು ಪಾಲು, ಹೈಮವತ ನಾಲ್ಕು, ಹೀಗೆ ಇಮ್ಮಡಿಯಾಗುತ್ತ ನಡುವಣ ವಿದೇಹಕ್ಕೆ 64 ಪಾಲಾಗುತ್ತದೆ. ಅಲ್ಲಿಂದ ಉತ್ತರಕ್ಕೆ ಅದೇ ಕ್ರಮದಲ್ಲಿ ಇಳಿದು ಐರಾವತಕ್ಕೆ ಒಂದು ಪಾಲು. ಎಲ್ಲವನ್ನೂ ಕೂಡಿದರೆ 190. ಲಕ್ಷವನ್ನು 190ರಿಂದ ಭಾಗಿಸಿದರೆ ಭರತಕ್ಷೇತ್ರದ ಅಗಲ 526 6/19 ಯೋಜನ. ಈ ಗ್ರಂಥಗಳ ತುಂಬ 19 ಎಂಬ ಛೇದ ಕಾಣಿಸಿಕೊಳ್ಳುವುದಕ್ಕೆ ಇದೇ ಕಾರಣ.

ಭರತಕ್ಷೇತ್ರದ ದಕ್ಷಿಣದ ಅಂಚು ಲವಣಸಮುದ್ರ; ಅದು ವೃತ್ತದ ಬಾಗಿದ ಗೆರೆ. ಉತ್ತರದ ಅಂಚು ಹಿಮವಂತ; ಅದು ನೇರ ಗೆರೆ. ಆದುದರಿಂದ ಇಡೀ ಕ್ಷೇತ್ರ ಹೆದೆಯೇರಿಸಿದ ಬಿಲ್ಲಿನಂತಿದೆ. ಪರಿಭಾಷೆಯೂ ಬಿಲ್ಲಿನಿಂದಲೇ ಬಂದಿದೆ. ಬಾಗಿದ ಗೆರೆಗೆ ಧನು ಅಥವಾ ಧನುಃಪೃಷ್ಠವೆಂದೂ, ಅದರ ಎರಡು ತುದಿಗಳನ್ನು ಕೂಡಿಸುವ ನೇರ ಗೆರೆಗೆ ಜೀವೆಯೆಂದೂ, ಜೀವೆಯ ನಡುವಿನಿಂದ ಬಿಲ್ಲಿನ ನಡುವಿಗೆ ಎಳೆದ ಗೆರೆಗೆ ಇಷು, ಶರ ಅಥವಾ ಬಾಣವೆಂದೂ ಹೆಸರು. ಇಲ್ಲಿನ ಜೀವೆ ಪೂರ್ಣ ಹೆದೆ. ಜ್ಯೋತಿಷಗ್ರಂಥಗಳಲ್ಲಿ ಬಳಕೆಯಾದ ಅರ್ಧಜ್ಯೆಯಲ್ಲ. ಆ ಇನ್ನೊಂದು ಜೀವೆ ಅರಬ್ಬೀ ಭಾಷೆಗೆ ‘ಜೀಬ’ವಾಗಿ ಹೋಗಿ, ಅಲ್ಲಿ ‘ಜೈಬ್’ ಎಂದು ಓದಲ್ಪಟ್ಟು, ಲ್ಯಾಟಿನ್‌ನಲ್ಲಿ ‘ಸೈನಸ್’ ಎಂದು ಅನುವಾದಗೊಂಡು, ಇಂದು ಶಾಲೆಯ ಮಕ್ಕಳು ಕಲಿಯುವ ‘ಸೈನ್’ ಆಗಿದೆ. ಒಂದೇ ಪರಿವಾರದ ಎರಡು ಪದಗಳಲ್ಲಿ ಒಂದಕ್ಕೆ ಲೋಕಖ್ಯಾತಿ ಬಂದಿತು. ಚೂಲಿಕೆ ತಾಳೆಯೋಲೆಯಲ್ಲಿಯೇ ಉಳಿಯಿತು.

ಜೀವೆಯನ್ನು ಕಂಡುಹಿಡಿಯುವ ಸೂತ್ರ ಸರಳವಾದುದು. ವ್ಯಾಸದಲ್ಲಿ ಇಷುವನ್ನು ಕಳೆದು, ಉಳಿದುದನ್ನು ಇಷುವಿನ ನಾಲ್ಮಡಿಯಿಂದ ಗುಣಿಸಿ, ವರ್ಗಮೂಲ ತೆಗೆದರೆ ಜೀವೆ. ಇಷುವಿನ ವರ್ಗದ ಆರ್ಮಡಿಗೆ ಜೀವೆಯ ವರ್ಗವನ್ನು ಕೂಡಿಸಿ ವರ್ಗಮೂಲ ತೆಗೆದರೆ ಧನುಃಪೃಷ್ಠ. ಇವುಗಳಲ್ಲಿ ಮೊದಲನೆಯದು ಪೂರ್ಣ ನಿಖರ, ಎರಡನೆಯದು ಆಸನ್ನಮಾನ. ಪರಿಧಿಯು ವ್ಯಾಸದ 10ರ ವರ್ಗಮೂಲದಷ್ಟು ಎಂಬ ಜೈನ ಗಣಿತದ ಮಾನಕ್ಕೆ ಅದು ಹೊಂದಿಕೊಂಡಿದೆ. ಅರ್ಧವೃತ್ತಕ್ಕೆ ಅದನ್ನು ಅನ್ವಯಿಸಿದರೆ ಇಷುವು ತ್ರಿಜ್ಯಕ್ಕೆ ಸಮ, ಜೀವೆ ಅದರ ಇಮ್ಮಡಿ; ಆರಕ್ಕೆ ನಾಲ್ಕು ಸೇರಿ ಹತ್ತಾಗಿ, 10ರ ವರ್ಗಮೂಲವೇ ಬರುತ್ತದೆ. ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯನು ‘ಗಣಿತಸಾರಸಂಗ್ರಹ’ದಲ್ಲಿ ಆರ್ಮಡಿಯ ಈ ಸೂತ್ರವನ್ನು ಸೂಕ್ಷ್ಮಗಣಿತವೆಂದೂ, ಆರರ ಸ್ಥಾನದಲ್ಲಿ ಐದನ್ನಿಟ್ಟ ಸೂತ್ರವನ್ನು ವ್ಯಾವಹಾರಿಕವೆಂದೂ ಬೇರ್ಪಡಿಸಿ ಕೊಟ್ಟಿದ್ದಾನೆ.

ಚೂಲಿಕೆಯ ಲಕ್ಷಣ

ಈಗ ವಿಜಯಾರ್ಧಕ್ಕೆ ಬರೋಣ. ಅದು ಭರತಕ್ಷೇತ್ರದ ನಡುವೆ ಪೂರ್ವಪಶ್ಚಿಮವಾಗಿ ಮಲಗಿದೆ. ಅದರ ಎರಡು ತುದಿಗಳೂ ಸಮುದ್ರವನ್ನು ಮುಟ್ಟುತ್ತವೆ. ಅದರ ತೆಂಕಣ ಅಂಚು ಒಂದು ಜೀವೆ, ಬಡಗಣ ಅಂಚು ಇನ್ನೊಂದು ಜೀವೆ. ವೃತ್ತವು ಉತ್ತರಕ್ಕೆ ಹೋದಂತೆ ಅಗಲವಾಗುವುದರಿಂದ ಬಡಗಣ ಜೀವೆ ತೆಂಕಣದ್ದಕ್ಕಿಂತ ಉದ್ದ. ಆ ಹೆಚ್ಚಳ ಎರಡು ಕಡೆಗೂ ಸಮನಾಗಿ ಹಂಚಿಹೋಗುತ್ತದೆ. ಹೀಗೆ ಉದ್ದನೆಯ ಜೀವೆಯು ಗಿಡ್ಡ ಜೀವೆಯನ್ನು ಮೀರಿ ಒಂದೊಂದು ಬದಿಗೆ ಚಾಚಿಕೊಂಡ ಭಾಗವೇ ಚೂಲಿಕೆ. ಎರಡು ಜೀವೆಗಳ ವ್ಯತ್ಯಾಸದ ಅರ್ಧವೆಂದು ಅದರ ಲಕ್ಷಣ. ಇದೇ ರೀತಿ ಎರಡು ಧನುಃಪೃಷ್ಠಗಳ ವ್ಯತ್ಯಾಸದ ಅರ್ಧಕ್ಕೆ ಪಾರ್ಶ್ವಭುಜೆಯೆಂದು ಹೆಸರು. ಅದು ಎರಡು ಜೀವೆಗಳ ತುದಿಗಳ ನಡುವೆ ಉಳಿಯುವ ಬಾಗಿದ ಗೆರೆಯ ತುಂಡು. ಯತಿವೃಷಭನ ‘ತಿಲೋಯಪಣ್ಣತ್ತಿ’ಯ ನಾಲ್ಕನೆಯ ಮಹಾಧಿಕಾರದಲ್ಲಿಯೂ, ಚಾವುಂಡರಾಯನ ಗುರು ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳ ‘ತ್ರಿಲೋಕಸಾರ’ದಲ್ಲಿಯೂ ಈ ಎರಡು ಪದಗಳು ಜೊತೆಜೊತೆಯಾಗಿಯೇ ಬರುತ್ತವೆ.

ನಮ್ಮ ಸೀಮೆಯ ಒಂದು ಚಿತ್ರದಿಂದ ಇದನ್ನು ಸ್ಪಷ್ಟಪಡಿಸಿಕೊಳ್ಳಬಹುದು. ಬಿಲ್ಲಿನಂತೆ ಬಾಗಿದ ಹಳ್ಳದ ಅಂಚಿಗೆ ಹೊಂದಿಕೊಂಡು ಗದ್ದೆಗಳಿವೆಯೆಂದೂ, ಅವುಗಳ ನಡುವೆ ಒಂದಕ್ಕೊಂದು ಸಮಾನಾಂತರವಾಗಿ ಎರಡು ಬದುಗಳಿವೆಯೆಂದೂ ಭಾವಿಸಿರಿ. ಬಾಗಿನ ತುದಿಗೆ ಹತ್ತಿರದ ಬದು ಗಿಡ್ಡ. ಅದರಿಂದ ದೂರದ ಬದು ಉದ್ದ. ಗಿಡ್ಡ ಬದುವಿನ ಕೊನೆಯಲ್ಲಿ ನಿಂತು ಉದ್ದ ಬದುವಿನತ್ತ ನೇರವಾಗಿ ನಡೆದು ಸೇರಿದರೆ, ಅಲ್ಲಿಂದ ಆ ಬದು ಇನ್ನೂ ಎಷ್ಟು ದೂರ ಚಾಚಿಕೊಂಡಿದೆಯೋ ಅಷ್ಟು ಅದರ ಚೂಲಿಕೆ. ಎರಡು ಬದುಗಳ ಕೊನೆಗಳ ನಡುವೆ ಹಳ್ಳದ ಬಾಗಿದ ಅಂಚು ಎಷ್ಟು ಉದ್ದವೋ ಅಷ್ಟು ಪಾರ್ಶ್ವಭುಜೆ.

ಲೆಕ್ಕವನ್ನು ಮಾಡಿಯೇ ನೋಡೋಣ. ದಕ್ಷಿಣಾರ್ಧ ಭರತದ ಅಗಲ 238 3/19 ಯೋಜನ, ಎಂದರೆ 4525/19. ವ್ಯಾಸವನ್ನೂ ಹತ್ತೊಂಬತ್ತರ ಪಾಲಿನಲ್ಲಿ ಹೇಳಿದರೆ 19,00,000 ಪಾಲು. ಅದರಲ್ಲಿ 4525ನ್ನು ಕಳೆದರೆ 18,95,475. ಇದನ್ನು 4525ರ ನಾಲ್ಮಡಿಯಾದ 18,100ರಿಂದ ಗುಣಿಸಿ ವರ್ಗಮೂಲ ತೆಗೆದರೆ ಪೂರ್ಣಾಂಕದಲ್ಲಿ 1,85,224. ಹತ್ತೊಂಬತ್ತರಿಂದ ಭಾಗಿಸಿದರೆ 9748 12/19 ಯೋಜನ. ಇದು ವಿಜಯಾರ್ಧದ ತೆಂಕಣ ಅಂಚಿನ ಜೀವೆ. ಬಡಗಣ ಅಂಚಿಗೆ ಇಷು 50 ಯೋಜನ ಹೆಚ್ಚಿ 288 3/19 ಆಗುತ್ತದೆ. ಅದೇ ಕ್ರಮದಿಂದ ಜೀವೆ 10720 11/19. ಎರಡರ ವ್ಯತ್ಯಾಸ 971 18/19. ಅದರ ಅರ್ಧ 485 37/38. ನಮ್ಮನ್ನು ಮೊದಲಿಗೆ ಬೆಚ್ಚಿಸಿದ ಸಂಖ್ಯೆ ಇದೇ. ಬೆಟ್ಟದ ತಲೆಯ ಮೇಲೆ ಅದಕ್ಕೆ ಸ್ಥಳವಿಲ್ಲ. ಬೆಟ್ಟದ ಎರಡು ಕೊನೆಗಳಲ್ಲಿ ಅದಕ್ಕೆ ಸರಿಯಾದ ಸ್ಥಳವಿದೆ.

ಪಾರ್ಶ್ವಭುಜೆಯನ್ನೂ ಪರೀಕ್ಷಿಸಬಹುದು. ಎರಡು ಅಂಚುಗಳ ಧನುಃಪೃಷ್ಠಗಳು ಕ್ರಮವಾಗಿ 9766 1/19 ಮತ್ತು 10743 15/19. ವ್ಯತ್ಯಾಸದ ಅರ್ಧ 488 33/38. ಇನ್ನು ಬೆಟ್ಟದ ಅಗಲ 50 ಯೋಜನವನ್ನೂ ಚೂಲಿಕೆ 485 37/38ನ್ನೂ ಲಂಬಕೋನದ ಎರಡು ಬಾಹುಗಳೆಂದು ತಿಳಿದು ಕರ್ಣವನ್ನು ತೆಗೆದರೆ ಸುಮಾರು 488.54 ಬರುತ್ತದೆ. ಪಾರ್ಶ್ವಭುಜೆ ಸುಮಾರು 488.87. ಬಾಗಿದ ಗೆರೆ ನೇರ ಗೆರೆಗಿಂತ ತುಸು ಉದ್ದವಿರಲೇಬೇಕು, ಇದೆ. ಬೇರೆ ಬೇರೆ ದಾರಿಗಳಿಂದ ಬಂದ ಎರಡು ಸಂಖ್ಯೆಗಳು ಇಷ್ಟು ಹತ್ತಿರ ನಿಲ್ಲುವುದು ಆಕಸ್ಮಿಕವಲ್ಲ. ಲೋಕದ ಆಕಾರದ ಬಗೆಗಿನ ನಂಬಿಕೆ ಬೇರೆ ವಿಷಯ. ಆ ಆಕಾರವನ್ನು ಒಪ್ಪಿಕೊಂಡ ಮೇಲೆ ಅದರೊಳಗಿನ ಅಳತೆಗಳೆಲ್ಲ ಗಣಿತದಿಂದ ಬಂದವು, ಕಲ್ಪನೆಯಿಂದಲ್ಲ.

ಒಂದು ಪದ, ಹಲವು ಅರ್ಥ

ಚೂಲಿಕೆಯ ಮೂಲ ‘ಚೂಡಾ’. ಡಕಾರವು ಲಕಾರವಾಗಿ ಚೂಲಾ, ಅದಕ್ಕೆ ಪ್ರತ್ಯಯ ಸೇರಿ ಚೂಲಿಕಾ, ಪ್ರಾಕೃತದಲ್ಲಿ ಚೂಲಿಯಾ, ಕನ್ನಡದ ಬರವಣಿಗೆಯಲ್ಲಿ ಚೂಲಿಕೆ, ಚೂಳಿಕೆ. ಮಗುವಿನ ತಲೆಗೂದಲನ್ನು ತೆಗೆದು ಜುಟ್ಟು ಬಿಡುವ ‘ಚೌಲ’ವೆಂಬ ಸಂಸ್ಕಾರದ ಹೆಸರೂ ಇದೇ ಮೂಲದ್ದು. ಈ ಬೇರಿನಿಂದ ಹೊರಟ ಪದ ಶಾಸ್ತ್ರದಿಂದ ಶಾಸ್ತ್ರಕ್ಕೆ ಬೇರೆ ಬೇರೆ ಅರ್ಥ ಪಡೆದಿದೆ.

ಲೋಕವರ್ಣನೆಯಲ್ಲಿ ಮೇರುವಿನ ಚೂಲಿಕೆ 40 ಯೋಜನ ಎತ್ತರದ್ದು. ಬುಡದಲ್ಲಿ 12, ತುದಿಯಲ್ಲಿ 4 ಯೋಜನ ಅಗಲ. ನೆಲದ ಕೆಳಗಿನ 1,000 ಮತ್ತು ಮೇಲಿನ 99,000 ಯೋಜನ ಸೇರಿ ಮೇರು ಒಂದು ಲಕ್ಷ ಯೋಜನ. ಚೂಲಿಕೆಯ 40 ಯೋಜನ ಈ ಲಕ್ಷದೊಳಗೆ ಸೇರುವುದಿಲ್ಲ. ಅದು ಲೆಕ್ಕ ಮುಗಿದ ಮೇಲಿನ ಹೆಚ್ಚಳ.

ಆಗಮಸಾಹಿತ್ಯದಲ್ಲಿ ಹನ್ನೆರಡನೆಯ ಅಂಗವಾದ ದೃಷ್ಟಿವಾದದ ಐದು ವಿಭಾಗಗಳು ಪರಿಕರ್ಮ, ಸೂತ್ರ, ಪ್ರಥಮಾನುಯೋಗ, ಪೂರ್ವಗತ ಮತ್ತು ಚೂಲಿಕೆ. ಈ ಕೊನೆಯದರಲ್ಲಿ ಜಲಗತ, ಸ್ಥಲಗತ, ಮಾಯಾಗತ, ರೂಪಗತ, ಆಕಾಶಗತ ಎಂಬ ಐದು ಭೇದಗಳನ್ನು ದಿಗಂಬರ ಪರಂಪರೆ ಹೇಳುತ್ತದೆ. ಮೂಡುಬಿದಿರೆಯಲ್ಲಿ ತಾಳೆಯೋಲೆಯಾಗಿ ಉಳಿದುಬಂದ ಷಟ್ಖಂಡಾಗಮದ ಮೊದಲ ಖಂಡವಾದ ಜೀವಸ್ಥಾನಕ್ಕೆ ಒಂಬತ್ತು ಚೂಲಿಕೆಗಳಿವೆ. ಮುಖ್ಯ ಪ್ರತಿಪಾದನೆಯಲ್ಲಿ ಸೂಚಿತವಾಗಿ ಉಳಿದುದನ್ನು ವಿವರಿಸುವುದು ಅವುಗಳ ಕೆಲಸ. ಶ್ವೇತಾಂಬರ ಪರಂಪರೆಯ ದಶವೈಕಾಲಿಕ ಸೂತ್ರದ ಕೊನೆಯಲ್ಲಿಯೂ ಎರಡು ಚೂಲಿಕೆಗಳಿವೆ. ಅದೇ ಪರಂಪರೆಯ ಕಾಲಗಣನೆಯ ಮಹಾಸಂಖ್ಯೆಗಳ ಸಾಲಿನಲ್ಲಿ, ಕೊನೆಯದಾದ ಶೀರ್ಷಪ್ರಹೇಲಿಕೆಯ ಸಮೀಪದಲ್ಲಿ, ಚೂಲಿಕೆಯೆಂಬ ಒಂದು ಸಂಖ್ಯೆಯೂ ಇದೆ.

ನಾಟ್ಯಶಾಸ್ತ್ರದಲ್ಲಿ ಅರ್ಥೋಪಕ್ಷೇಪಕಗಳು ಐದು. ತೆರೆಯ ಹಿಂದಿನಿಂದ ಪಾತ್ರವೊಂದು ಸಂಗತಿಯನ್ನು ಸೂಚಿಸುವುದಕ್ಕೆ ಧನಂಜಯನ ‘ದಶರೂಪಕ’ ಚೂಲಿಕೆಯೆನ್ನುತ್ತದೆ. ಅದು ರಂಗದ ಎಲ್ಲೆಯ ಹೊರಗಿನಿಂದ ಕೇಳಿಬರುವ ಮಾತು. ಅಮರಕೋಶದಲ್ಲಿ ಆನೆಯ ಕಿವಿಯ ಬುಡಕ್ಕೆ ಈ ಹೆಸರು. ಹೇಮಚಂದ್ರನ ಪ್ರಾಕೃತ ವ್ಯಾಕರಣದಲ್ಲಿ ಚೂಲಿಕಾಪೈಶಾಚಿಯೆಂಬ ಭಾಷಾಭೇದವಿದೆ. ಈ ಕೊನೆಯ ಎರಡನ್ನು ಬಲವಂತದಿಂದ ಒಂದೇ ಸೂತ್ರಕ್ಕೆ ಕಟ್ಟುವುದು ಯುಕ್ತವಲ್ಲ.

ಉಳಿದ ಪ್ರಯೋಗಗಳಲ್ಲಿ ಒಂದು ಸಾಮಾನ್ಯ ಭಾವ ಕಾಣುತ್ತದೆ. ಮುಖ್ಯ ದೇಹ ಒಂದಿದೆ. ಅದರ ಎಲ್ಲೆಯನ್ನು ಮೀರಿ, ಆದರೆ ಅದಕ್ಕೆ ಅಂಟಿಕೊಂಡೇ, ಚಾಚಿಕೊಂಡಿರುವುದು ಚೂಲಿಕೆ. ಪರ್ವತಕ್ಕೆ ಮೇಲ್ತುದಿ, ಗ್ರಂಥಕ್ಕೆ ಪರಿಶಿಷ್ಟ, ಅಂಕಕ್ಕೆ ತೆರೆಯ ಹಿಂದಿನ ಮಾತು, ಜೀವೆಗೆ ಬದಿಯ ಚಾಚು. ಚೌಲವನ್ನು ನೆನೆದರೆ ಇನ್ನೊಂದು ಎಳೆಯೂ ದೊರೆಯುತ್ತದೆ: ಜುಟ್ಟೆಂದರೆ ಕೂದಲನ್ನು ತೆಗೆದ ಮೇಲೆ ಉಳಿಸಿದ್ದು, ಗಣಿತದ ಚೂಲಿಕೆಯೂ ಹಿರಿದರಲ್ಲಿ ಕಿರಿದನ್ನು ಕಳೆದ ಮೇಲೆ ಉಳಿದದ್ದು. ಇದು ನಮ್ಮ ಊಹೆ; ಗ್ರಂಥಕಾರರು ಹೀಗೆ ನಿರ್ವಚಿಸಿದ್ದಾರೆಂದು ಹೇಳುತ್ತಿಲ್ಲ.

ಇಲ್ಲಿಯೇ ಒಂದು ಎಚ್ಚರಿಕೆ ಅಗತ್ಯ. ಭರತಕ್ಷೇತ್ರದ ಉತ್ತರದ ಪರ್ವತವನ್ನು ಪ್ರಾಕೃತದಲ್ಲಿ ‘ಚುಲ್ಲಹಿಮವಂತ’ ಎನ್ನುತ್ತಾರೆ. ಈ ‘ಚುಲ್ಲ’ ಸಂಸ್ಕೃತದ ‘ಕ್ಷುಲ್ಲ’. ಕಿರಿದೆಂದು ಅದರ ಅರ್ಥ. ಮಹಾಹಿಮವಂತದಿಂದ ಬೇರ್ಪಡಿಸಲು ಆ ವಿಶೇಷಣ ಬಂದಿದೆ. ಜುಟ್ಟಿನ ಚೂಲೆಗೂ ಕಿರಿದೆಂಬ ಚುಲ್ಲಕ್ಕೂ ಸಂಬಂಧವಿಲ್ಲ. ಒಂದೇ ಪ್ರಕರಣದಲ್ಲಿ ಎರಡೂ ಬರುವುದರಿಂದ ಗೊಂದಲವಾಗುವ ಸಂಭವ ಹೆಚ್ಚು.

ಪಾಠಪರಿಷ್ಕರಣೆಗೆ ಚೂಲಿಕೆಯ ಸಾಕ್ಷ್ಯ

ಎರಡು ಜೀವೆಗಳು ತಿಳಿದಿದ್ದರೆ ಚೂಲಿಕೆಯನ್ನು ಯಾರು ಬೇಕಾದರೂ ಕ್ಷಣದಲ್ಲಿ ಕಂಡುಹಿಡಿಯಬಹುದು. ಹಾಗಿದ್ದರೂ ಗ್ರಂಥಕಾರರು ಒಂದೊಂದು ಕ್ಷೇತ್ರಕ್ಕೂ ಪರ್ವತಕ್ಕೂ ಅದನ್ನು ಪ್ರತ್ಯೇಕವಾಗಿ ಏಕೆ ಹೇಳಿದರು? ಅವರ ಆಶಯ ಏನೇ ಇರಲಿ, ಇಂದಿನ ಸಂಶೋಧಕನಿಗೆ ಅದರಿಂದ ದೊಡ್ಡ ಉಪಕಾರವಾಗಿದೆ. ಪದ್ಯದಲ್ಲಿ ಪದಗಳಿಂದ ಹೇಳಿದ ಸಂಖ್ಯೆಗಳು ಲಿಪಿಕಾರರ ಕೈಯಲ್ಲಿ ಕೆಡುವುದು ಸುಲಭ. ಒಂದು ಅಕ್ಷರ ಬಿದ್ದುಹೋದರೆ ಸಾವಿರವೇ ಮಾಯವಾಗುತ್ತದೆ. ಆಗ ಜೀವೆ, ಧನು, ಚೂಲಿಕೆ, ಪಾರ್ಶ್ವಭುಜೆ ನಾಲ್ಕೂ ಒಂದಕ್ಕೊಂದು ಸಾಕ್ಷಿ ನಿಲ್ಲುತ್ತವೆ.

ಒಂದು ನಿದರ್ಶನವನ್ನು ಕೊಡಬಹುದು. ಭರತಕ್ಷೇತ್ರದ ಉತ್ತರಜೀವೆಯನ್ನು ತಿಲೋಯಪಣ್ಣತ್ತಿಯ ಪರಂಪರೆ 14471 5/19 ಯೋಜನವೆನ್ನುತ್ತದೆ. ಶ್ವೇತಾಂಬರರ ಜಂಬೂದ್ವೀಪಪ್ರಜ್ಞಪ್ತಿಯಲ್ಲಿ 14471 ಯೋಜನ ಮತ್ತು ಹತ್ತೊಂಬತ್ತರ ಆರು ಪಾಲಿಗೆ ತುಸು ಕಡಿಮೆ ಎಂದಿದೆ. ಐದೋ ಆರೋ? ಒಂದು ಕಡೆ ಲಿಪಿಕಾರನ ತಪ್ಪೆಂದು ತೀರ್ಮಾನಿಸುವುದು ಸುಲಭ. ಆದರೆ ಮೊದಲ ಪರಂಪರೆಯಲ್ಲಿ ಭರತಕ್ಷೇತ್ರದ ಚೂಲಿಕೆ 1875 13/38. ಉತ್ತರಜೀವೆಯಿಂದ ವಿಜಯಾರ್ಧದ 10720 11/19ನ್ನು ಕಳೆದು ಅರ್ಧಿಸಿದಾಗ ಈ ಉತ್ತರ ಬರಬೇಕಾದರೆ ಅಂಶವು ಐದೇ ಆಗಿರಬೇಕು. ಆರಾದರೆ 1875 14/38 ಬರುತ್ತದೆ. ಆದುದರಿಂದ ಐದು ಎಂಬುದು ಲಿಪಿಕಾರನ ಪ್ರಮಾದವಲ್ಲ, ಗ್ರಂಥಕಾರನ ಉದ್ದೇಶಪೂರ್ವಕ ಪಾಠ.

ಹಾಗಾದರೆ ಆರು ತಪ್ಪೇ? ಅದೂ ಅಲ್ಲ. ಮೂಲ ಲೆಕ್ಕದಲ್ಲಿ ವರ್ಗಮೂಲವು 2,74,954.5ರಷ್ಟು, ಹತ್ತೊಂಬತ್ತರಿಂದ ಭಾಗಿಸಿದರೆ 14471 ಹೋಗಿ ಉಳಿಯುವ ಶೇಷ ಐದೂವರೆ. ಒಂದು ಪರಂಪರೆ ಅರ್ಧವನ್ನು ಬಿಟ್ಟು ಐದೆಂದಿತು. ಇನ್ನೊಂದು ‘ಆರಕ್ಕೆ ತುಸು ಕಡಿಮೆ’ ಎಂದು ಎಚ್ಚರದಿಂದ ನುಡಿಯಿತು. ಎರಡೂ ಪಾಠಗಳು ಸಾಧು. ಈ ವ್ಯತ್ಯಾಸವನ್ನು ಪಂಥಭೇದವೆಂದು ಬಗೆಯುವುದೂ ಸಲ್ಲದು. ಇದು ಶೇಷವನ್ನು ನಿರ್ವಹಿಸುವ ಎರಡು ಪದ್ಧತಿಗಳ ವ್ಯತ್ಯಾಸ. ಚೂಲಿಕೆಯೆಂದರೆ ಶಿಖರವೆಂದು ತಿಳಿದು ಆ ಸಾಲನ್ನು ಬದಿಗಿಟ್ಟ ಸಂಪಾದಕನಿಗೆ ಈ ನಿರ್ಣಯಕ್ಕೆ ದಾರಿಯೇ ಇರುತ್ತಿರಲಿಲ್ಲ.

ಓದುಗರಿಗೆ ಒಂದು ಸುಲಭವಾದ ಗುರುತನ್ನೂ ಹೇಳಬಹುದು. ಜೀವೆ, ಧನುಗಳ ಭಿನ್ನರಾಶಿಗಳಿಗೆ ಛೇದ 19. ಅವುಗಳ ವ್ಯತ್ಯಾಸವನ್ನು ಅರ್ಧಿಸಿದಾಗ ಛೇದ 38 ಆಗುತ್ತದೆ. ಜಂಬೂದ್ವೀಪದ ವರ್ಣನೆಯಲ್ಲಿ ಮೂವತ್ತೆಂಟರ ಪಾಲು, ಅಥವಾ ಹತ್ತೊಂಬತ್ತರ ಪಾಲಿನ ಜೊತೆಗೆ ಅರೆಪಾಲು ಕಂಡರೆ, ಅದು ಚೂಲಿಕೆಯೋ ಪಾರ್ಶ್ವಭುಜೆಯೋ ಇರಬಹುದೆಂದು ಮೊದಲು ಶಂಕಿಸಬೇಕು.

ನೆಲದ ಅಳತೆ, ಲೋಕದ ಅಳತೆ

ಇಂಥ ಪದ ಜನಬಳಕೆಗೆ ಏಕೆ ಇಳಿಯಲಿಲ್ಲ? ನಮ್ಮ ಶಾಸನಗಳಲ್ಲಿಯೇ ಇದಕ್ಕೆ ಉತ್ತರವಿದೆ. ದಕ್ಷಿಣ ಕರ್ನಾಟಕದ ದತ್ತಿಶಾಸನಗಳಲ್ಲಿ ಭೂಮಿಯನ್ನು ಹೆಚ್ಚಾಗಿ ಬಿತ್ತನೆಯ ಪ್ರಮಾಣದಿಂದ, ಇಂತಿಷ್ಟು ಖಂಡುಗ, ಇಂತಿಷ್ಟು ಕೊಳಗವೆಂದು ಹೇಳುವುದು ವಾಡಿಕೆ. ಎಲ್ಲೆಯನ್ನು ಮೂಡಣ, ತೆಂಕಣ, ಪಡುವಣ, ಬಡಗಣ ದಿಕ್ಕುಗಳಿಂದಲೂ ಮರ, ಹುತ್ತ, ಬಂಡೆ, ಕೆರೆಕೋಡಿಗಳಿಂದಲೂ ಗುರುತಿಸುತ್ತಿದ್ದರು. ಒಂದು ಗದ್ದೆ ಎಷ್ಟು ಬೀಜವನ್ನು ನುಂಗುತ್ತದೆಂಬುದು ತಿಳಿದರೆ ಸಾಕು. ಅದರ ಅಂಚು ಬಾಗಿದೆಯೋ ನೇರವಾಗಿದೆಯೋ ಎಂಬ ಪ್ರಶ್ನೆ ಏಳುವುದಿಲ್ಲ. ಆದುದರಿಂದ ಬಿಲ್ಲಿನಾಕಾರದ ಕ್ಷೇತ್ರದ ಪರಿಭಾಷೆ ಒಕ್ಕಲಿನ ಅಂಗಳಕ್ಕೆ ಬರದೆ ಬಸದಿಯ ಸ್ವಾಧ್ಯಾಯಮಂಟಪದಲ್ಲಿಯೇ ಉಳಿಯಿತು. ಆ ಮಂಟಪಗಳು ಬರಿದಾದಾಗ ಪದವೂ ಮರೆಯಾಯಿತು.

ಕನ್ನಡದಲ್ಲಿ ಶಾಸ್ತ್ರಗಣಿತಕ್ಕೆ ಬಡತನವಿರಲಿಲ್ಲ. 12ನೆಯ ಶತಮಾನದ ಜೈನಕವಿ ರಾಜಾದಿತ್ಯನು ‘ವ್ಯವಹಾರಗಣಿತ’, ‘ಕ್ಷೇತ್ರಗಣಿತ’, ‘ಚಿತ್ರಹಸುಗೆ’ ಮೊದಲಾದವುಗಳನ್ನು ಕನ್ನಡದಲ್ಲಿಯೇ ಬರೆದನು. 16ನೆಯ ಶತಮಾನದ ರತ್ನಾಕರವರ್ಣಿಯು ‘ತ್ರಿಲೋಕಶತಕ’ದಲ್ಲಿ ಲೋಕಸ್ವರೂಪವನ್ನು ಕನ್ನಡ ಪದ್ಯಕ್ಕೆ ಇಳಿಸಿದನು. ಗಣಿತಸಾರಸಂಗ್ರಹವು ಎಂ. ರಂಗಾಚಾರ್ಯರ ಇಂಗ್ಲಿಷ್ ಅನುವಾದದೊಡನೆ 1912ರಲ್ಲಿ ಮದರಾಸಿನಿಂದ ಪ್ರಕಟವಾಯಿತು. 2000ದಲ್ಲಿ ಪದ್ಮಾವತಮ್ಮನವರ ಕನ್ನಡ ಅನುವಾದ ಹೊಂಬುಜದಿಂದ ಹೊರಬಂದಿತು. ಸಾಮಗ್ರಿ ಕೈಗೆಟಕುವಂತಿದೆ. ಕನ್ನಡ ಸಾಹಿತ್ಯದ ವಿದ್ಯಾರ್ಥಿ ಅದನ್ನು ಗಣಿತದವರ ಪಾಲಿಗೆ ಬಿಟ್ಟಿದ್ದಾನೆ. ಗಣಿತದ ವಿದ್ಯಾರ್ಥಿ ಸಾಹಿತ್ಯದವರ ಪಾಲಿಗೆ ಬಿಟ್ಟಿದ್ದಾನೆ.

ಚೂಲಿಕೆಯಂಥ ಪದಗಳು ಈ ಎರಡು ಪಾಲುಗಳ ನಡುವೆ ಬಿದ್ದಿರುವುದರಿಂದಲೇ ಅವುಗಳಿಗೆ ವಾರಸುದಾರರಿಲ್ಲ. ಜೈನ ಪಾರಿಭಾಷಿಕ ಕೋಶಗಳನ್ನು ಸಿದ್ಧಪಡಿಸುವವರು ಈ ಪದದ ಕೆಳಗೆ ‘ಶಿಖರ’, ‘ಪರಿಶಿಷ್ಟ’ ಎಂಬ ಅರ್ಥಗಳ ಜೊತೆಗೆ ‘ಎರಡು ಜೀವೆಗಳ ವ್ಯತ್ಯಾಸದ ಅರ್ಧ’ ಎಂಬ ಅರ್ಥವನ್ನೂ ದಾಖಲಿಸಬೇಕು. ಪಾರ್ಶ್ವಭುಜೆಯನ್ನು ಅದರ ಪಕ್ಕದಲ್ಲಿಯೇ ನಿಲ್ಲಿಸಬೇಕು. ಪುರಾಣಗಳನ್ನು ಕನ್ನಡಿಸುವವರು ಪರ್ವತವೊಂದರ ಚೂಲಿಕೆ ಎದುರಾದಾಗ ಅದರ ಎತ್ತರವನ್ನು ಒಮ್ಮೆ ನೋಡಿ ಮುಂದುವರಿಯಬೇಕು. ಇಪ್ಪತ್ತೈದು ಯೋಜನದ ಬೆಟ್ಟದ ಮೇಲೆ ಐನೂರು ಯೋಜನದ ಶಿಖರವನ್ನು ಕಟ್ಟಿದ ಅಪವಾದ ಪೂರ್ವಾಚಾರ್ಯರಿಗೆ ತಟ್ಟಬಾರದು. ಅದನ್ನು ಅವರು ಕಟ್ಟಲಿಲ್ಲ, ನಮ್ಮ ಓದು ಕಟ್ಟಿತು.